"ರಿಪೋರ್ಟ್ ಎಲ್ಲಾ ನಾರ್ಮಲ್, ಆದ್ರೂ ಯಾಕೆ ನಿಲ್ತಾ ಇಲ್ಲ ಮೇಡಂ?"

ನಾನು ದ್ವಿತೀಯ ಪಿಯುಸಿಗೆ ಜೀವಶಾಸ್ತ್ರ ಪಾಠ ಮಾಡುವವಳು. ಸಂತಾನೋತ್ಪತ್ತಿಯ ಪಾಠ ಬಂದಾಗ ತಲೆ ತಗ್ಗಿಸಿ ಕೂತಿದ್ದ ಹುಡುಗಿಯರೇ ಮದುವೆಯಾದ ಮೇಲೆ ಫೋನ್ ಮಾಡುತ್ತಾರೆ. ಅಷ್ಟು ಹೊತ್ತಿಗೆ ನೆಂಟರು, ಎದುರುಮನೆಯವರು ಎಲ್ಲರೂ "ಏನಾದ್ರೂ ವಿಶೇಷ ಇದೆಯಾ?" ಅಂತ ಶುರು ಮಾಡಿರುತ್ತಾರೆ. ಸ್ಕ್ಯಾನಿಂಗ್ ಆಗಿರುತ್ತದೆ, ಥೈರಾಯ್ಡ್ ನೋಡಿಸಿರುತ್ತಾರೆ. ಏನೂ ತೊಂದರೆ ಸಿಕ್ಕಿರುವುದಿಲ್ಲ. ಆದರೂ ತಿಂಗಳು ತಿಂಗಳು ಮುಟ್ಟಾಗುತ್ತಿರುತ್ತದೆ. ಗರ್ಭ ಯಾಕೆ ನಿಲ್ಲುತ್ತಿಲ್ಲ ಎನ್ನುವುದೇ ಅವರ ಪ್ರಶ್ನೆ.

ನಾನು ಡಾಕ್ಟರ್ ಅಲ್ಲ, ಚಿಕಿತ್ಸೆ ಹೇಳುವುದಿಲ್ಲ. ಆದರೆ ಒಂದು ಮಾತನ್ನು ಎಲ್ಲರಿಗೂ ಹೇಳುತ್ತೇನೆ. ಇಬ್ಬರೂ ಆರೋಗ್ಯವಾಗಿದ್ದು, ವಯಸ್ಸೂ ಚಿಕ್ಕದಿದ್ದರೂ ಒಂದು ತಿಂಗಳಲ್ಲಿ ಗರ್ಭ ನಿಲ್ಲುವ ಸಾಧ್ಯತೆ ನೂರಕ್ಕೆ 20ರಿಂದ 25 ಅಷ್ಟೇ. ಅಂದರೆ ಹೆಚ್ಚಿನ ತಿಂಗಳು ನಿಲ್ಲದಿರುವುದೇ ಸಹಜ. ಅದರಲ್ಲಿ ನಿಮ್ಮ ತಪ್ಪೇನೂ ಇಲ್ಲ. ಯಾಕೆ ಇಷ್ಟು ಕಮ್ಮಿ ಅಂತ ಗೊತ್ತಾಗಬೇಕಾದರೆ ಒಳಗೆ ಏನೇನು ನಡೆಯಬೇಕು ಅನ್ನುವುದನ್ನು ನೋಡಬೇಕು.

ಮೊದಲನೆಯದು ದಿನಗಳ ಲೆಕ್ಕ. ಅಂಡಾಶಯದಿಂದ ಹೊರಬಂದ ಅಂಡಾಣು ಬದುಕಿರುವುದು 12ರಿಂದ 24 ಗಂಟೆ ಮಾತ್ರ. ವೀರ್ಯಾಣು ಹೆಂಗಸಿನ ದೇಹದೊಳಗೆ 5 ದಿನದವರೆಗೂ ಬದುಕಬಲ್ಲದು. ಅಮೆರಿಕದ ಅಲೆನ್ ವಿಲ್ಕಾಕ್ಸ್ ಮತ್ತು ಅವರ ತಂಡ 221 ಮಹಿಳೆಯರ ಮೂತ್ರವನ್ನು ದಿನವೂ ಪರೀಕ್ಷಿಸಿ 1995ರಲ್ಲಿ ಪ್ರಕಟಿಸಿದ ಅಧ್ಯಯನ ಇದನ್ನು ಚೆನ್ನಾಗಿ ತೋರಿಸಿತು. ಅಂಡಾಣು ಹೊರಬರುವ ದಿನ ಮತ್ತು ಅದರ ಹಿಂದಿನ 5 ದಿನ, ಒಟ್ಟು 6 ದಿನ. ಗರ್ಭ ನಿಂತಿದ್ದೆಲ್ಲ ಆ ದಿನಗಳಲ್ಲಿ ಸೇರಿದ್ದರಿಂದಲೇ. ಆ ದಿನ ಕಳೆದ ಮೇಲೆ ಸೇರಿದ್ದರಿಂದ ಒಂದೂ ನಿಂತಿರಲಿಲ್ಲ.

ಇಲ್ಲಿ ಬಹಳ ಜನ ಹದಿನಾಲ್ಕನೇ ದಿನವನ್ನು ಗಟ್ಟಿಯಾಗಿ ಹಿಡಿದುಕೊಂಡಿರುತ್ತಾರೆ. 28 ದಿನಕ್ಕೆ ಮುಟ್ಟಾಗುವವರಿಗೆ ಅದು ಹೆಚ್ಚುಕಮ್ಮಿ ಸರಿ. ಆದರೆ ಲೆಕ್ಕ ಹಿಂದಿನಿಂದ ಮಾಡಬೇಕು. ಮುಂದಿನ ಮುಟ್ಟಿಗೆ ಸುಮಾರು 14 ದಿನ ಮೊದಲು ಅಂಡಾಣು ಬಿಡುಗಡೆಯಾಗುತ್ತದೆ. 35 ದಿನಕ್ಕೆ ಮುಟ್ಟಾಗುವವರಿಗೆ ಅದು 21ನೇ ದಿನದ ಆಸುಪಾಸು. ಮುಟ್ಟು ಹಿಂದೆ ಮುಂದೆ ಆಗುವವರಿಗೆ ದೇಹವೇ ಒಂದು ಗುರುತು ಕೊಡುತ್ತದೆ. ಆ ದಿನಗಳಲ್ಲಿ ಕೆಳಗಿನ ಸ್ರಾವ ಕೋಳಿಮೊಟ್ಟೆಯ ಬಿಳಿಯಂತೆ ತೆಳ್ಳಗೆ, ಎಳೆ ಎಳೆಯಾಗಿ ಬರುತ್ತದೆ. ಗಂಡ ಬೆಂಗಳೂರಿನಲ್ಲಿ, ಹೆಂಡತಿ ಊರಿನಲ್ಲಿ, ತಿಂಗಳಿಗೆ ಎರಡು ಸಲ ಭೇಟಿ ಅನ್ನುವಂಥ ಸಂಸಾರಗಳು ಈಗ ಎಷ್ಟೋ ಇವೆ. ಅವರಿಗೆ ಆ 6 ದಿನ ಸುಮ್ನೆ ತಪ್ಪಿಹೋಗುತ್ತಿರುತ್ತದೆ. ಅದಕ್ಕೆ ಯಾವ ಪರೀಕ್ಷೆಯ ರಿಪೋರ್ಟೂ ಏನೂ ಹೇಳುವುದಿಲ್ಲ.

ಸರಿ, ದಿನ ಕೂಡಿಬಂತು ಅಂದುಕೊಳ್ಳಿ. ಆಗ ಒಳಗೆ ಹೋಗುವ ವೀರ್ಯಾಣುಗಳು ಕೋಟಿಗಟ್ಟಲೆ. ಯೋನಿಯ ಒಳಗೆ ಆಮ್ಲದ ಗುಣ ಇರುತ್ತದೆ, ಅಲ್ಲೇ ಎಷ್ಟೋ ಸಾಯುತ್ತವೆ. ಗರ್ಭಕೋಶದ ಬಾಯಿಯಲ್ಲಿರುವ ಲೋಳೆ ಚೆನ್ನಾಗಿ ಈಜದವುಗಳನ್ನು ತಡೆಯುತ್ತದೆ. ಗರ್ಭಕೋಶದ ಎರಡೂ ಬದಿಗೆ, ಅಂಡಾಶಯದಿಂದ ಅಂಡಾಣು ಬರುವ ಒಂದೊಂದು ಟ್ಯೂಬ್ (ನಾಳ) ಇದೆ. ಮೇಲೆ ಹೋದವುಗಳಲ್ಲೂ ಎಷ್ಟೋ ಆ ತಿಂಗಳು ಅಂಡಾಣು ಇಲ್ಲದ ಕಡೆಯ ಟ್ಯೂಬಿಗೆ ಹೋಗಿಬಿಡುತ್ತವೆ. ಕೊನೆಗೆ ಅಂಡಾಣುವಿನ ಹತ್ತಿರ ತಲುಪುವುದು ಕೆಲವು ನೂರು ಮಾತ್ರ.

"ಆಮೇಲೆ ಎದ್ದರೆ ಎಲ್ಲಾ ಹೊರಗೆ ಬಂದುಬಿಡುತ್ತೆ, ಅದಕ್ಕೇನಾ ಮೇಡಂ?" ಅಂತ ನಾಚಿಕೊಂಡು ಕೇಳಿದವರು ಬಹಳ. ಖಂಡಿತ ಅದಕ್ಕಲ್ಲ. ಹೊರಗೆ ಬರುವುದರಲ್ಲಿ ಹೆಚ್ಚಿನದು ಬರೀ ದ್ರವ. ಈಜಬಲ್ಲವು ಕೆಲವೇ ನಿಮಿಷಗಳಲ್ಲಿ ಲೋಳೆಯ ಒಳಗೆ ಸೇರಿಬಿಟ್ಟಿರುತ್ತವೆ. ಸೊಂಟದ ಕೆಳಗೆ ದಿಂಬು ಇಟ್ಟು ಗಂಟೆಗಟ್ಟಲೆ ಅಲುಗಾಡದೆ ಮಲಗಬೇಕಾಗಿಲ್ಲ.

ಇನ್ನೊಂದು ವಿಷಯ ನನಗೆ ಪಾಠ ಮಾಡುವಾಗಲೆಲ್ಲ ಖುಷಿ ಕೊಡುತ್ತದೆ. ಆಗತಾನೇ ಹೊರಬಂದ ವೀರ್ಯಾಣುವಿಗೆ ಅಂಡಾಣುವಿನ ಒಳಗೆ ಹೋಗುವ ಶಕ್ತಿಯೇ ಇರುವುದಿಲ್ಲ. ಹೆಂಗಸಿನ ದೇಹದೊಳಗೆ ಕೆಲವು ಗಂಟೆ ಕಳೆದ ಮೇಲೆ ಅದರ ಹೊರಪೊರೆ ಬದಲಾಗಿ ಆ ಶಕ್ತಿ ಬರುತ್ತದೆ. ಇದನ್ನು 1951ರಲ್ಲಿ ಅಮೆರಿಕದಲ್ಲಿದ್ದ ಚಾಂಗ್, ಆಸ್ಟ್ರೇಲಿಯಾದ ಆಸ್ಟಿನ್ ಬೇರೆ ಬೇರೆಯಾಗಿ ಕಂಡುಹಿಡಿದರು. ಗಂಡಿನ ಕಣ ಓಡಿ ಬಂದು ಗೆಲ್ಲುತ್ತದೆ, ಹೆಣ್ಣಿನದು ಸುಮ್ಮನೆ ಕಾಯುತ್ತದೆ ಅನ್ನುವ ಕತೆಯನ್ನು ನಾನು ತರಗತಿಯಲ್ಲಿ ಹೇಳುವುದಿಲ್ಲ. ಅದು ನಿಜವಲ್ಲ.

ಅಂಡಾಣುವಿನ ಸುತ್ತ ಒಂದು ದಪ್ಪ ಹೊದಿಕೆ ಇದೆ. ವೀರ್ಯಾಣು ತನ್ನ ತಲೆಯಲ್ಲಿರುವ ಕಿಣ್ವಗಳ ಸಹಾಯದಿಂದ, ಬಾಲ ಜೋರಾಗಿ ಬಡಿಯುತ್ತಾ ಅದನ್ನು ದಾಟಬೇಕು. ಆಮೇಲೆ ಎರಡರ ಮೈಮೇಲಿನ ಪ್ರೋಟೀನುಗಳು ಒಂದಕ್ಕೊಂದು ಕೂಡಬೇಕು. ವೀರ್ಯಾಣುವಿನ ಪ್ರೋಟೀನನ್ನು 2005ರಲ್ಲಿ ಜಪಾನಿನ ವಿಜ್ಞಾನಿಗಳು ಗುರುತಿಸಿ, ಮದುವೆಯ ಹರಕೆಗೆ ಹೆಸರಾದ ಅಲ್ಲಿನ ದೇವಾಲಯವೊಂದರ ಮೇಲೆ ಇಜುಮೋ ಅಂತ ಕರೆದರು. ಅಂಡಾಣುವಿನದು 2014ರಲ್ಲಿ ಇಂಗ್ಲೆಂಡಿನಲ್ಲಿ ಸಿಕ್ಕಿತು. ಅದಕ್ಕೆ ರೋಮನ್ನರ ಮದುವೆಯ ದೇವತೆ ಜೂನೋ ಹೆಸರು. ಒಂದು ವೀರ್ಯಾಣು ಒಳಗೆ ಹೋದದ್ದೇ ತಡ, ಅಂಡಾಣು ತನ್ನ ಹೊದಿಕೆಯನ್ನು ಗಟ್ಟಿ ಮಾಡಿಕೊಂಡು ಉಳಿದವನ್ನು ಹೊರಗೇ ನಿಲ್ಲಿಸುತ್ತದೆ. ಎರಡು ನುಗ್ಗಿದರೆ ಆ ಭ್ರೂಣ ಉಳಿಯುವುದಿಲ್ಲ. ಮಗು ಗಂಡೋ ಹೆಣ್ಣೋ ಅನ್ನುವುದೂ ಇಲ್ಲೇ ತೀರ್ಮಾನ ಆಗುತ್ತದೆ. ಒಳಗೆ ಹೋದ ವೀರ್ಯಾಣುವಿನಲ್ಲಿ ಎಕ್ಸ್ ಕ್ರೋಮೋಸೋಮ್ (ವಂಶವಾಹಿಗಳನ್ನು ಹೊತ್ತ ಎಳೆ) ಇತ್ತೋ ವೈ ಇತ್ತೋ ಅನ್ನುವುದರ ಮೇಲೆ. ಎಕ್ಸ್ ಇದ್ದರೆ ಹೆಣ್ಣು, ವೈ ಇದ್ದರೆ ಗಂಡು. ಹೆಣ್ಣು ಹೆತ್ತಳು ಅಂತ ಸೊಸೆಯನ್ನು ಬೈಯುವ ಮನೆ ಇನ್ನೂ ಇದೆಯಲ್ಲ, ಅದನ್ನು ಕೇಳಿದಾಗ ನನಗೆ ತಡೆಯಲಾಗದ ಸಿಟ್ಟು ಬರುತ್ತದೆ.

ಇಷ್ಟಾದರೂ ಗರ್ಭ ನಿಂತಂತಲ್ಲ. ಫಲಿತ ಅಂಡಾಣು ಟ್ಯೂಬಿನಲ್ಲೇ ಒಂದು ಎರಡಾಗಿ, ಎರಡು ನಾಲ್ಕಾಗಿ ಒಡೆಯುತ್ತಾ ಗರ್ಭಕೋಶದ ಕಡೆ ಸಾಗುತ್ತದೆ. ಐದನೇ ದಿನದ ಹೊತ್ತಿಗೆ ನೂರರಷ್ಟು ಕೋಶಗಳ ಪುಟ್ಟ ಚೆಂಡು. ಅದು ತನ್ನ ಹೊದಿಕೆ ಬಿಚ್ಚಿಕೊಂಡು ಗರ್ಭಕೋಶದ ಗೋಡೆಗೆ ಅಂಟಬೇಕು. ಹೆಚ್ಚಿನವರಲ್ಲಿ ಅಂಡಾಣು ಬಿಡುಗಡೆಯಾದ 8, 9, 10ನೇ ದಿನಗಳಲ್ಲಿ ಇದು ಆಗುತ್ತದೆ. ಅಂಟಿದ ಮೇಲೆಯೇ, ಗರ್ಭ ಪರೀಕ್ಷೆಯ ಕಿಟ್ ಗುರುತಿಸುವ ಎಚ್‌ಸಿಜಿ ಹಾರ್ಮೋನ್ ರಕ್ತಕ್ಕೆ, ಮೂತ್ರಕ್ಕೆ ಬರುವುದು. ಅದಕ್ಕೇ ಮುಟ್ಟಿನ ದಿನಕ್ಕೆ ಮುಂಚೆ ಕಿಟ್ ತಂದು ನೋಡಿ ಅಳಬೇಡಿ ಅಂತ ಹೇಳುವುದು.

ಎಷ್ಟೋ ಭ್ರೂಣಗಳ ಬೆಳವಣಿಗೆ ಈ ದಾರಿಯಲ್ಲೇ ನಿಂತುಹೋಗುತ್ತದೆ. ಹೆಚ್ಚಾಗಿ ಕಾರಣ ಕ್ರೋಮೋಸೋಮುಗಳ ಲೆಕ್ಕ ತಪ್ಪಿರುವುದು. ಇದಕ್ಕೂ ಅಂಡಾಣುವಿನ ವಯಸ್ಸಿಗೂ ಸಂಬಂಧ ಇದೆ. ಹೆಣ್ಣುಮಗು ತಾಯಿಯ ಹೊಟ್ಟೆಯಲ್ಲಿರುವಾಗಲೇ ಅದರ ಅಂಡಾಣುಗಳೆಲ್ಲ ತಯಾರಾಗಿರುತ್ತವೆ. ಹುಟ್ಟುವಾಗ 10ರಿಂದ 20 ಲಕ್ಷ, ಮೈನೆರೆಯುವ ಹೊತ್ತಿಗೆ 3-4 ಲಕ್ಷ. ಜೀವಮಾನದಲ್ಲಿ ಹೊರಬರುವುದು ಸುಮಾರು 400 ಅಷ್ಟೇ. ಇವು ಅರ್ಧ ಮುಗಿದ ವಿಭಜನೆಯಲ್ಲೇ ವರ್ಷಗಟ್ಟಲೆ ಕಾಯುತ್ತವೆ. ವೀರ್ಯಾಣು ಒಳಗೆ ಬಂದ ಮೇಲೆಯೇ ಆ ವಿಭಜನೆ ಪೂರ್ತಿಯಾಗುವುದು. 35 ದಾಟಿದಂತೆ ಇದರಲ್ಲಿ ತಪ್ಪು ಜಾಸ್ತಿ ಆಗುತ್ತದೆ. ಓಡಾಡಿದ್ದು, ಸ್ಕೂಟಿ ಓಡಿಸಿದ್ದು, ಮೆಟ್ಟಿಲು ಹತ್ತಿದ್ದು ಇದಕ್ಕೆ ಕಾರಣವೇ ಅಲ್ಲ.

ಹಾಗಾದರೆ ಎಷ್ಟು ದಿನ ಕಾಯಬೇಕು? ಹೆಂಡತಿಗೆ 35 ಆಗಿರದಿದ್ದರೆ ಒಂದು ವರ್ಷ. ನೂರರಲ್ಲಿ ಸುಮಾರು 85 ಜೋಡಿಗಳಿಗೆ ಅಷ್ಟರಲ್ಲಿ ನಿಲ್ಲುತ್ತದೆ. 35 ದಾಟಿದ್ದರೆ ಆರು ತಿಂಗಳಿಗೇ ಡಾಕ್ಟರನ್ನು ಕಾಣಿ. ಮುಟ್ಟು ತೀರಾ ಏರುಪೇರಾಗುತ್ತಿದ್ದರೆ, ಹಿಂದೆ ಟಿಬಿ ಬಂದಿದ್ದರೆ ಅಷ್ಟೂ ಕಾಯಬೇಡಿ. ಟಿಬಿಯಿಂದ ಟ್ಯೂಬ್ ಮುಚ್ಚಿಹೋಗುವುದು ನಮ್ಮ ದೇಶದಲ್ಲಿ ಅಪರೂಪವಲ್ಲ. ಮುಟ್ಟು ನಿಂತು, ಕಿಬ್ಬೊಟ್ಟೆಯ ಒಂದೇ ಕಡೆ ಜೋರಾಗಿ ನೋವು ಬಂದರೆ ಆವತ್ತೇ ಆಸ್ಪತ್ರೆಗೆ ಹೋಗಿ. ಭ್ರೂಣ ಟ್ಯೂಬಿನಲ್ಲೇ ಬೆಳೆಯುತ್ತಿರಬಹುದು. ಅದು ಜೀವಕ್ಕೇ ಅಪಾಯ.

ರಿಪೋರ್ಟ್ ಎಲ್ಲಾ ನಾರ್ಮಲ್ ಅಂದವರಿಗೆ ನಾನು ತಿರುಗಿ ಒಂದು ಪ್ರಶ್ನೆ ಕೇಳುತ್ತೇನೆ. "ನಿಮ್ಮ ಮನೆಯವರದ್ದು ಆಯ್ತಾ?" ಬಹಳ ಸಲ ಆಗಿರುವುದಿಲ್ಲ. ಮಕ್ಕಳಾಗದ ಜೋಡಿಗಳಲ್ಲಿ ಸುಮಾರು ಅರ್ಧದಷ್ಟರಲ್ಲಿ ಗಂಡಸಿನ ಕಡೆಯ ಕಾರಣವೂ ಇರುತ್ತದೆ. ವೀರ್ಯ ಪರೀಕ್ಷೆಯಲ್ಲಿ ಸೂಜಿ ಇಲ್ಲ, ನೋವಿಲ್ಲ, ಖರ್ಚೂ ಕಮ್ಮಿ. ಎರಡರಿಂದ ಏಳು ದಿನ ಸೇರದೆ ಇದ್ದು ಲ್ಯಾಬಿಗೆ ಹೋದರೆ ಮುಗಿಯಿತು. ಜಿಮ್ಮಿನಲ್ಲಿ ಮೈ ಕಟ್ಟಲು ಟೆಸ್ಟೋಸ್ಟೆರಾನ್ ಇಂಜೆಕ್ಷನ್ ತಗೊಳ್ಳುತ್ತಿದ್ದರೆ ಡಾಕ್ಟರಿಗೆ ಮುಚ್ಚಿಡಬಾರದು. ಅದು ವೀರ್ಯಾಣು ತಯಾರಾಗುವುದನ್ನೇ ನಿಲ್ಲಿಸಬಲ್ಲದು. ಸಂಖ್ಯೆ ಸ್ವಲ್ಪ ಕಮ್ಮಿ ಬಂತು ಅಂತ ಕುಸಿಯುವುದೂ ಬೇಡ. ಒಂದು ವೀರ್ಯಾಣು ತಯಾರಾಗಲು ಎರಡೂವರೆ ತಿಂಗಳ ಹತ್ತಿರ ಬೇಕು. ಆ ನಡುವೆ ಜ್ವರ ಬಂದಿದ್ದರೂ ಎಣಿಕೆ ಇಳಿದಿರುತ್ತದೆ. ಮೂರು ತಿಂಗಳು ಬಿಟ್ಟು ಇನ್ನೊಂದು ಸಲ ಮಾಡಿಸಿ, ಎರಡೂ ರಿಪೋರ್ಟ್ ಹಿಡಿದುಕೊಂಡು ಇಬ್ಬರೂ ಒಟ್ಟಿಗೆ ಡಾಕ್ಟರ ಹತ್ತಿರ ಹೋಗಿ.