ನಮ್ಮ ಗ್ರೌಂಡಿನ ಚರಿತ್ರೆ: ಪೆನಾಲ್ಟಿ ಬಾಕ್ಸಿನಲ್ಲಿ ನೀರು ಯಾಕೆ ನಿಲ್ಲುತ್ತದೆ?

ನಮ್ಮ ಫುಟ್ಬಾಲ್ ಕ್ಲಬ್ಬಿನ ಗ್ರೌಂಡಿನ ಚರಿತ್ರೆ ಬರೆಯುವ ಕೆಲಸ ಈ ಮಳೆಗಾಲದಲ್ಲಿ ಸ್ವಲ್ಪ ಮುಂದೆ ಹೋಗಿದೆ. ಹಳೆ ಫೋಟೋಗಳ ಸ್ಕ್ಯಾನಿಂಗ್ ಮುಗಿಯಿತು. ಅದರ ಬಗ್ಗೆ ಹೇಳುವಂಥದ್ದು ಜಾಸ್ತಿ ಏನಿಲ್ಲ. ಕಪ್ ಹಿಡಿದ ಹುಡುಗರು, ಹಾರ ಹಾಕಿಸಿಕೊಂಡ ಅತಿಥಿಗಳು. ಗ್ರೌಂಡ್ ಮಾತ್ರ ಒಂದರಲ್ಲೂ ಸರಿಯಾಗಿ ಕಾಣುವುದಿಲ್ಲ. ಎಲ್ಲರೂ ಅದಕ್ಕೆ ಬೆನ್ನು ಹಾಕಿಯೇ ನಿಂತಿದ್ದಾರೆ! ಹಾಗಾಗಿ ಈ ಸಲ ಕಂದಾಯ ದಾಖಲೆ ಹಿಡಿದು ಕೂತೆ.

ಶುರು ಮಾಡಿದ್ದು ದಿಶಾಂಕ್ ಆ್ಯಪಿನಿಂದ. ಮೊಬೈಲ್ ಹಿಡಿದು ಸೆಂಟರ್ ಸ್ಪಾಟಿನಲ್ಲಿ ನಿಂತರೆ ಸಾಕು, ಸರ್ವೆ ನಂಬರ್ ತೋರಿಸುತ್ತದೆ. ಅಲ್ಲಿಂದ ನಂಬರ್ ಹಿಡಿದು ಹಳೆಯ ಎಫ್‌ಎಂಬಿ, ಅಂದರೆ ಜಾಗದ ಗಡಿ ಮತ್ತು ಅಳತೆ ತೋರಿಸುವ ಸರ್ವೆ ನಕ್ಷೆಯ ನಕಲು ತೆಗೆಸಿದೆ. ನಮ್ಮ ದಕ್ಷಿಣ ಕನ್ನಡ ಜಿಲ್ಲೆ 1956ರವರೆಗೆ ಮದ್ರಾಸಿನಲ್ಲಿತ್ತಲ್ವಾ, ಹಾಗಾಗಿ ಇಲ್ಲಿಯ ಹಳೆ ಅಳತೆಯೆಲ್ಲ ಮದ್ರಾಸ್ ಪದ್ಧತಿಯದ್ದು. ಬದಿಗಳ ಉದ್ದ ಲಿಂಕ್ಸ್ ಲೆಕ್ಕದಲ್ಲಿದೆ. 100 ಲಿಂಕ್ಸ್ ಸೇರಿದರೆ ಒಂದು ಚೈನು, ಅಂದರೆ 66 ಅಡಿ.

ನಾವು ಒಂದು ಗ್ರೌಂಡ್ ಅನ್ನುತ್ತಿದ್ದದ್ದು ನಕ್ಷೆಯಲ್ಲಿ ಎರಡು ಗದ್ದೆ. ಎರಡೂ ಸೇರಿ 1 ಎಕ್ರೆ 32 ಸೆಂಟ್ಸ್ (100 ಸೆಂಟ್ಸ್ ಅಂದರೆ ಒಂದು ಎಕ್ರೆ). ಇದು ಫುಟ್ಬಾಲಿಗೆ ಸಾಕಾ? ನಿಯಮದ ಪ್ರಕಾರ ಗ್ರೌಂಡ್ ಕನಿಷ್ಠ 90 ಮೀಟರ್ ಉದ್ದ, 45 ಮೀಟರ್ ಅಗಲ ಇರಬೇಕು. ಗುಣಿಸಿದರೆ 4,050 ಚದರ ಮೀಟರ್. ಅದು ಹೆಚ್ಚುಕಡಿಮೆ ಸರಿಯಾಗಿ ಒಂದು ಎಕ್ರೆ. ಟಿವಿಯಲ್ಲಿ ನೋಡುವ 105ಕ್ಕೆ 68ರ ಗ್ರೌಂಡಿಗೆ 176 ಸೆಂಟ್ಸ್ ಬೇಕು. ‘ಇದೆಂಥ ಗ್ರೌಂಡ್ ಮಾರಾಯ, ಸೆವೆನ್ಸ್ ಆಡ್ಲಿಕ್ಕಾ?’ ಅಂತ, ಏಳೇಳು ಜನರ ಆಟಕ್ಕೆ ಮಾತ್ರ ಸಾಕು ಅನ್ನುವ ಹಾಗೆ ನಗುವ ಹೊರಗಿನ ತಂಡಗಳಿಗೆ ಇನ್ನು ಮುಂದೆ ಈ ಲೆಕ್ಕ ತೋರಿಸುತ್ತೇನೆ.

ನಿಜವಾದ ಮಜಾ ಇರುವುದು ಎರಡು ಗದ್ದೆಗಳ ನಡುವಿನ ಗೆರೆಯಲ್ಲಿ. ಅದು ಓರೆಯಾಗಿ ಬಂದು ತೋಡಿನ (ಸಣ್ಣ ಹಳ್ಳದ) ಬದಿಯ ಪೆನಾಲ್ಟಿ ಬಾಕ್ಸಿನ ಎದುರಿನಿಂದಲೇ ಹಾದುಹೋಗುತ್ತದೆ. ಮಳೆಗಾಲದಲ್ಲಿ ನಮ್ಮ ಗ್ರೌಂಡಿನಲ್ಲಿ ಆಡಿದವರಿಗೆ ಆ ಬಾಕ್ಸ್ ಗೊತ್ತು. ಉಳಿದ ಕಡೆ ನೀರು ಇಳಿದು ಹೋದರೂ ಅಲ್ಲಿ ಪಾದ ಮುಳುಗುವಷ್ಟು ನಿಂತೇ ಇರುತ್ತದೆ. ಎಷ್ಟೋ ಸಲ ಕೆಂಪು ಮಣ್ಣು ಹಾಕಿಸಿದ್ದಾಯಿತು. ಹಾಕಿದ ಮಣ್ಣು ಕೆಸರಾಯಿತು, ಅಷ್ಟೇ.

ಹಳೆಯ ಅಡಂಗಲ್‌ನಲ್ಲಿ, ಅಂದರೆ ಜಾಗ ಮತ್ತು ಬೆಳೆಯ ವಿವರ ಬರೆದಿಡುವ ಕಂದಾಯ ಪುಸ್ತಕದಲ್ಲಿ, ಈ ಜಾಗ ‘ಬೆಟ್ಟು’ ಅಂತ ಇದೆ. ನಮ್ಮ ಕಡೆ ಬಯಲು ಗದ್ದೆಗೆ ಏಣೆಲು, ಸುಗ್ಗಿ, ಕೊಳಕೆ ಅಂತ ಮೂರು ಬೆಳೆ, ನಡು ಎತ್ತರದ ಮಜಲು ಗದ್ದೆಗೆ ಎರಡು. ಬೆಟ್ಟು ಗದ್ದೆ ಸ್ವಲ್ಪ ಎತ್ತರದಲ್ಲಿರುತ್ತದೆ, ಮಳೆನೀರೇ ಗತಿ, ಹಾಗಾಗಿ ಮಳೆಗಾಲದ ಏಣೆಲು ಒಂದೇ. ಅದರ ಕೊಯ್ಲು ಆದ ಮೇಲೆ ಮುಂದಿನ ಮಳೆಯವರೆಗೆ ಗದ್ದೆ ಖಾಲಿ. ಆ ಖಾಲಿ ತಿಂಗಳುಗಳಲ್ಲೇ ನಮ್ಮ ಕ್ಲಬ್ ಹುಟ್ಟಿದ್ದು.

ಹಳೆಯ ಲೆಫ್ಟ್ ವಿಂಗರ್ ಒಬ್ಬರಿದ್ದಾರೆ, ನಾವೆಲ್ಲ ಕಾಕ ಅನ್ನುವುದು. ಅವರ ಹತ್ತಿರ ಇಸವಿ ಕೇಳಿದರೆ ಪ್ರಯೋಜನ ಇಲ್ಲ, ಮಳೆ ಕೇಳಬೇಕು. ‘ಬಂಟ್ವಾಳಕ್ಕೆ ದೊಡ್ಡ ನೆರೆ ಬಂತಲ್ಲ, ಆ ವರ್ಷವೂ ಇಲ್ಲಿ ನೇಜಿ (ಭತ್ತದ ಸಸಿ) ನೆಟ್ಟಿದ್ರು’ ಅಂದರು. ಅಂದರೆ 1974. ಭೂಸುಧಾರಣೆ ತಿದ್ದುಪಡಿ ಜಾರಿಗೆ ಬಂದದ್ದೂ ಅದೇ ವರ್ಷದ ಮಾರ್ಚ್ 1ಕ್ಕೆ. ಗೇಣಿಗೆ ಮಾಡುತ್ತಿದ್ದ ಮನೆಯವರು ಜಾಗ ತಮ್ಮ ಹೆಸರಿಗೆ ಆಗಬೇಕು ಅಂತ ಡಿಕ್ಲರೇಶನ್ ಅರ್ಜಿ ಹಾಕಿದರು, ಗದ್ದೆ ಅವರದ್ದಾಯಿತು. ಆಮೇಲೆ ಮಕ್ಕಳು ಬೊಂಬಾಯಿಗೆ ಹೋದರು, ಬೇಸಾಯಕ್ಕೆ ಜನ ಇಲ್ಲ, ಗದ್ದೆ ಹಡೀಲು (ಪಾಳು) ಬಿತ್ತು. ಆ ಮನೆಯವರ ಒಪ್ಪಿಗೆಯಲ್ಲೇ ನಾವು ಇವತ್ತಿಗೂ ಆಡುತ್ತಿರುವುದು.

ಹಡೀಲು ಬೀಳುವ ಮೊದಲು ಒಂದು ವಿಚಿತ್ರ ತೊಂದರೆ ಇತ್ತು. ಗದ್ದೆ ಸಿಗುವುದು ಬೇಸಿಗೆಯಲ್ಲಿ. ಮಂಗಳೂರಿನಲ್ಲಿ ಫುಟ್ಬಾಲ್ ಜೋರಾಗುವುದು ಮಳೆಯಲ್ಲಿ. ಆಗಸ್ಟ್ ಹೊತ್ತಿಗೆ ನೆಹರೂ ಮೈದಾನದಲ್ಲಿ ಶಾಲಾ ಮಕ್ಕಳ ಇಂಡಿಪೆಂಡೆನ್ಸ್ ಕಪ್ ಇರುವ ಊರು ಇದು. ಮ್ಯಾಚ್ ಹತ್ತಿರ ಬಂದಾಗ ನಮ್ಮ ಗ್ರೌಂಡಿನಲ್ಲಿ ಭತ್ತದ ಪೈರು! ‘ನಾವು ಕಡಲ ಬದಿಗೆ ಹೋಗ್ತಿದ್ದದ್ದು. ಮರಳಲ್ಲಿ ಓಡಿ ಕಾಲು ಗಟ್ಟಿಯಾಗ್ತದೆ. ಆದ್ರೆ ಕೆಸರಲ್ಲಿ ಬಾಲನ್ನು ಎತ್ತಿ ಹೊಡೀಬೇಕು, ಅದು ಮರಳಲ್ಲಿ ಬರೂದಿಲ್ಲ’ ಅಂದರು ಕಾಕ. ಕಸಬಾ ಬೆಂಗ್ರೆಯವರು ನದಿಗೂ ಕಡಲಿಗೂ ನಡುವಿನ ಮರಳಲ್ಲೇ ಆಡಿ ಬೆಳೆದವರಲ್ವಾ ಅಂತ ನಾನು ಬಾಯಿ ಹಾಕಿದೆ. ‘ಅವರದ್ದು ಬೇರೆ’ ಅಂತ ಒಂದೇ ಮಾತಿನಲ್ಲಿ ಮುಗಿಸಿದರು.

ಗದ್ದೆ ಪೂರ್ತಿ ಸಿಕ್ಕಿದ ಮೇಲೆ ಹುಡುಗರೇ ಸೇರಿ ನಡುವಿನ ಕಟ್ಟಪುಣಿ (ಗದ್ದೆಯ ಬದು) ಕಡಿದರು. ಆ ಮಣ್ಣನ್ನು ಕೆಳಗಿನ ಗದ್ದೆಗೆ ತುಂಬಿ ಸಮ ಮಾಡಿದರು. ಅಡಿಕೆ ಮರದ ಗೋಲ್ ಪೋಸ್ಟ್ ಹೋಗಿ ಗಾಳಿ ಮರದ್ದು ಬಂತು, ಈಗ ಜಿಐ ಪೈಪ್. ಎಲ್ಲ ಬದಲಾಯಿತು, ಅಡಿಯ ಮಣ್ಣು ಮಾತ್ರ ಹಾಗೇ ಉಳಿಯಿತು. ಭತ್ತದ ಗದ್ದೆಯನ್ನು ವರ್ಷ ವರ್ಷ ನೀರು ನಿಲ್ಲಿಸಿ ಉತ್ತು ಕೆಸರು ಮಾಡುತ್ತಾರೆ. ನೇಗಿಲು ಮುಟ್ಟುವ ಆಳದಿಂದ ಕೆಳಗೆ ಮಣ್ಣು ಒತ್ತಿ ಒತ್ತಿ ಗಟ್ಟಿ ಪದರ ಆಗುತ್ತದೆ. ಅದು ಇದ್ದರೇ ಗದ್ದೆಯಲ್ಲಿ ನೀರು ನಿಲ್ಲುವುದು. ಬೇಸಾಯಗಾರನಿಗೆ ಅದು ಬೇಕು, ಗೋಲ್‌ಕೀಪರಿಗೆ ಬೇಡ.

ನೋಡಿಯೇ ಬಿಡೋಣ ಅಂತ ಬಾಕ್ಸಿನ ಮೂಲೆಯಲ್ಲಿ ಹಾರೆ ಹಾಕಿದೆವು. ಮೇಲೆ ಕೆಂಪು ಮಣ್ಣು, ಅದರಡಿ ಪುಣಿಯ ಮಣ್ಣು, ಮೊಣಕಾಲು ಆಳದಲ್ಲಿ ಬೂದು ಬಣ್ಣದ ಗಟ್ಟಿ ಪದರ. ಹಾರೆ ಅಲ್ಲಿ ಟಣ್ ಅಂತ ನಿಂತಿತು. ಪದರದ ಮೇಲೆ ನೀರು ಜಿನುಗುತ್ತಾ ಇತ್ತು. ಮೇಲಿನ ಗದ್ದೆಯ ನೀರು ಮಣ್ಣಿನೊಳಗೇ ಇಳಿದು ಬಂದು ಇಲ್ಲಿ ಸಿಕ್ಕಿಬೀಳುತ್ತದೆ. ಮೇಲೆ ಎಷ್ಟು ಲೋಡ್ ಮಣ್ಣು ಹಾಕಿದರೂ ಸುಮ್ನೆ ದುಡ್ಡು ದಂಡ.

ಈಗಿನ ಯೋಚನೆ ಇಷ್ಟು: ಎಫ್‌ಎಂಬಿಯ ಗೆರೆ ಹಿಡಿದು, ಹಳೆ ಪುಣಿ ಇದ್ದಲ್ಲೇ ಆ ಪದರ ಸೀಳುವಷ್ಟು ಆಳಕ್ಕೆ ಕಣಿ ತೋಡಿ, ಜಲ್ಲಿ ತುಂಬಿ ನೀರನ್ನು ತೋಡಿಗೆ ಬಿಡುವುದು. ದಾರಿಯಲ್ಲಿ ಒಂದು ಅಡಿಕೆ ತೋಟ ಇದೆ. ತೋಟದ ಅಕ್ಕ ಬೇಡ ಅನ್ನಲಿಲ್ಲ, ‘ಅಡಿಕೆಗೆ ಮದ್ದು ಬಿಟ್ಟು ಆಗ್ಲಿ, ಮತ್ತೆ ಬನ್ನಿ’ ಅಂದರು. ವಿರೋಧ ಬಂದದ್ದು ಕಾಕನಿಂದ. ‘ಆ ನೀರಿನಿಂದ ನಮಗೆ ಎಷ್ಟು ಮ್ಯಾಚ್ ಉಳಿದಿದೆ ಗೊತ್ತುಂಟಾ? ಟಾಸ್ ಗೆದ್ರೆ ಸೆಕೆಂಡ್ ಹಾಫಿಗೆ ಆ ಗೋಲ್ ನಮಗೆ ಅಂತ ಇಟ್ಕೊಳ್ತಿದ್ದದ್ದು!’ ಮುಂದಿನ ಮೀಟಿಂಗಿಗೆ ಅವರನ್ನೂ ಕರೆದಿದ್ದೇವೆ. ನಕ್ಷೆ ದೊಡ್ಡದಾಗಿ ಪ್ರಿಂಟ್ ಹಾಕಿಸಿ ಇಟ್ಟಿದ್ದೇನೆ.