ತೆಗೆಯಿರಿ ಅಂದರೆ ಏನು ಮಾಡಬೇಕು?

ದಾವಣಗೆರೆಯ ವಿದ್ಯಾನಗರದಲ್ಲಿ ನಾನು ಕಂಪ್ಯೂಟರ್ ಕಲಿಸುವ ಸೆಂಟರ್‌ನಲ್ಲಿ ಒಂದು ಹಳೆಯ ಪುಸ್ತಿಕೆ ಇತ್ತು. ಪತ್ರ, ಲೆಕ್ಕ ಬರೆಯುವ ಉಚಿತ ತಂತ್ರಾಂಶ ಲಿಬ್ರೆಆಫೀಸ್ ಇನ್‌ಸ್ಟಾಲ್ ಮಾಡುವುದು ಹೇಗೆ ಅಂತ. "ಅದೇ ವಿಷಯ ಇರಲಿ ಮೇಡಂ, ಪದ ಬದಲಿಸಿ ಹೊಸದು ಮಾಡ್ರಿ" ಅಂದರು ಮಾಲೀಕರು.

ಜೊತೆಗಿದ್ದ ಹುಡುಗ ಆಗಲೇ ಪದ ಬದಲಿಸಿ ಒಂದು ಪ್ರತಿ ಬರೆದಿದ್ದ. ಡೌನ್‌ಲೋಡ್ ಒಂದು ಕಡೆ 'ಇಳಿಸಿ', ಇನ್ನೊಂದು ಕಡೆ 'ಪಡೆಯಿರಿ'. ಓದೋಕೆ ಚೆಂದವೇ ಇತ್ತು.

ಸಂಜೆ ಬ್ಯಾಚಿಗೆ ಮಂಡಿಪೇಟೆಯ ಅಂಗಡಿಯಲ್ಲಿ ಲೆಕ್ಕ ಬರೆಯುವ ಒಬ್ಬರು ಬರುತ್ತಾರೆ. ಆ ಹಾಳೆ ಅವರ ಕೈಗೆ ಕೊಟ್ಟು, ಏನೂ ಹೇಳದೆ ಹಿಂದೆ ನಿಂತೆ. 'ಹಳೆಯ ಓಪನ್‌ಆಫೀಸ್ ಇದ್ದರೆ ಮೊದಲು ತೆಗೆಯಿರಿ' ಎಂಬ ಸಾಲು ಬಂತು. ಓಪನ್‌ಆಫೀಸ್ ಅಂದರೆ ಅದೇ ಥರದ ಇನ್ನೊಂದು ತಂತ್ರಾಂಶ. ಅವರು ಅದರ ಮೇಲೆ ಡಬಲ್ ಕ್ಲಿಕ್ ಮಾಡಿ, ತೆರೆದುಕೊಂಡು ಕೂತರು.

"ತೆಗ್ದೆ ಮೇಡಂ, ಮುಂದೇನ್ರೀ?"

ಅವರದೇನು ತಪ್ಪು? ಬಾಗಿಲು ತೆಗಿ ಅಂದರೆ ಯಾರಾದರೂ ಬಾಗಿಲು ಕಿತ್ತು ಹಾಕ್ತಾರಾ? ಇನ್ನೂ ಕೆಳಗೆ 'ಕಸ್ಟಮ್ ಆರಿಸಿ' ಅಂತಿತ್ತು (ಏನೇನು ಸೇರಬೇಕು ಅಂತ ನಾವೇ ಗೊತ್ತು ಮಾಡುವ ಬಗೆ). ಕೊನೆಯಲ್ಲಿ 'ಕಂಪ್ಯೂಟರ್ ಆರಿಸಿ'. ಒಂದು ಆಯ್ಕೆ ಮಾಡುವುದು, ಇನ್ನೊಂದು ದೀಪ ಆರಿಸುವುದು. ಪಾಪ, ಹುಡುಗನಿಗೆ ಎರಡೂ ಸರಿಯಾಗೇ ಕಂಡಿತ್ತು.

ಹೊಸದಾಗಿ ಬರೆಯಲು ಕೂತೆ. ಪರದೆಯ ಮೇಲೆ 'ನೆಕ್ಸ್ಟ್' ಅಂತ ಇದ್ದರೆ ಪುಸ್ತಿಕೆಯಲ್ಲೂ 'ನೆಕ್ಸ್ಟ್'. ಅದನ್ನು 'ಮುಂದುವರಿಯಿರಿ' ಮಾಡಿದರೆ ಓದುವವರು ಇಲ್ಲದ ಗುಂಡಿ ಹುಡುಕುತ್ತಾರೆ. ಹಳೆಯದನ್ನು ತೆಗೆಯುವ ಕಡೆ 'ಅನ್‌ಇನ್‌ಸ್ಟಾಲ್ ಮಾಡಿ' ಅಂತಲೇ ಬರೆದೆ. ವಿಂಡೋಸ್ ಬದಲು ಉಬುಂಟು ಹಾಕಿಕೊಂಡವರ ಪುಟದಲ್ಲಿ 'ಸುಡೊ ಆಪ್ಟ್ ಇನ್‌ಸ್ಟಾಲ್ ಲಿಬ್ರೆಆಫೀಸ್' ಅನ್ನುವ ಕಮಾಂಡಿನ ಒಂದಕ್ಷರವನ್ನೂ ಮುಟ್ಟಲಿಲ್ಲ.

ಬದಲಿಸಿದ್ದು ಸುತ್ತಲಿನ ಮಾತು. ಆ ಕಮಾಂಡಿನ ನಂತರ 'ಪಾಸ್‌ವರ್ಡ್ ನೀಡಿ' ಅಂತಷ್ಟೇ ಇದ್ದದ್ದನ್ನು ಬಿಡಿಸಿ ಬರೆದೆ: ಟೈಪ್ ಮಾಡುವಾಗ ಚುಕ್ಕಿಯೂ ಕಾಣದಿರಬಹುದು, ಕೀಬೋರ್ಡ್ ಕೆಟ್ಟಿಲ್ಲ, ಪೂರ್ತಿ ಟೈಪ್ ಮಾಡಿ ಎಂಟರ್ ಒತ್ತಿ. ವಿಂಡೋಸ್ ಫೈಲ್ 300 ಎಂಬಿಗಿಂತ ಜಾಸ್ತಿ, ಮೊಬೈಲ್ ಡೇಟಾದಲ್ಲಿ ಇಳಿಸಬೇಡಿ ಅಂತಲೂ ಸೇರಿಸಿದೆ. ಹಳೆಯ ಪುಸ್ತಿಕೆಗೆ ಇದ್ಯಾವುದೂ ಹೊಳೆದಿರಲಿಲ್ಲ.

ಮಾಲೀಕರು ಓದಿ, "ಇಂಗ್ಲಿಷ್ ಪದ ಹಂಗೇ ಅದಾವಲ್ರೀ" ಅಂದರು. ನಾನು ಮತ್ತೆ ಮಂಡಿಪೇಟೆಯವರನ್ನೇ ಕೂರಿಸಿದೆ. ಈ ಸಲ ಯಾರನ್ನೂ ಕೇಳದೆ ಮುಗಿಸಿದರು. ಕಸ್ಟಮ್‌ನಲ್ಲಿ ಕನ್ನಡ ಸೇರಿಸಿಕೊಂಡು, ಆಮೇಲೆ ಟೂಲ್ಸ್, ಆಪ್ಷನ್ಸ್‌ಗೆ ಹೋಗಿ ಮೆನುವನ್ನೂ ಕನ್ನಡಕ್ಕೆ ತಿರುಗಿಸಿಬಿಟ್ಟರು. ಈಗ ಅವರ ಪರದೆಯಲ್ಲಿ 'ಫೈಲ್' ಇಲ್ಲ, 'ಕಡತ' ಇದೆ. ನಮ್ಮ ಎರಡನೇ ಪಾಠದ ತುಂಬ ಫೈಲ್ ಮೆನುವೇ. ಅದನ್ನು ಎರಡು ಥರ ಬರೆಯಬೇಕೋ, ಒಂದೇ ಪುಟದಲ್ಲಿ ಎರಡೂ ಹೆಸರು ಕೊಡಬೇಕೋ ಅಂತ ಹುಡುಗನೂ ನಾನೂ ಇನ್ನೂ ವಾದ ಮಾಡುತ್ತಿದ್ದೇವೆ.