ರಾಟರ್‌ಡ್ಯಾಮ್ ಬಂದರಿನ ಉದ್ದಕ್ಕೂ, ಹಾರ್ವಿಚ್‌ವರೆಗೆ

ನೆದರ್‌ಲ್ಯಾಂಡ್ಸ್ ದೇಶದ ರಾಟರ್‌ಡ್ಯಾಮ್ ಪೇಟೆಯ ನಡುವೆ ನಿಂತು ಬಂದರು ಎಲ್ಲಿದೆ ಅಂತ ಹುಡುಕಿದರೆ ಕಣ್ಣಿಗೆ ಬೀಳುವುದು ಹಳೆಯ ಗೋದಾಮುಗಳು, ಹೋಟೆಲುಗಳು, ಪ್ರವಾಸಿ ದೋಣಿಗಳು. ಯುರೋಪಿನ ಅತಿ ದೊಡ್ಡ ಬಂದರು ಊರು ಬಿಟ್ಟು ಸಮುದ್ರದ ಕಡೆ ಸರಿಯುತ್ತಲೇ ಹೋಗಿದೆ. ಇವತ್ತು ಅದರ ಉದ್ದ ಸುಮಾರು 40 ಕಿ.ಮೀ. 2024ರಲ್ಲಿ ಇಲ್ಲಿ ಹತ್ತಿ ಇಳಿದ ಸರಕು ಸುಮಾರು 43.5 ಕೋಟಿ ಟನ್. ಇಂಗ್ಲೆಂಡಿಗೆ ಹೋಗಬೇಕಿತ್ತು. ವಿಮಾನ ಬೇಡ, ಹಡಗಲ್ಲೇ ಹೋಗೋಣ ಅಂದುಕೊಂಡೆ. ಈ 40 ಕಿ.ಮೀ.ಯನ್ನು ಒಂದು ತುದಿಯಿಂದ ಇನ್ನೊಂದು ತುದಿಗೆ ನೋಡುವ ಆಸೆ ಮೊದಲಿನಿಂದಲೂ ಇತ್ತು.

ಎರಾಸ್ಮಸ್ ಸೇತುವೆಯ ಬುಡದಲ್ಲಿ ಪ್ರವಾಸಿ ದೋಣಿ ಹತ್ತಿದೆ. ದೋಣಿ ಹಳೆಯ ಹಡಗುಕಟ್ಟೆಗಳನ್ನು ಸುತ್ತುತ್ತದೆ. ಅಲ್ಲಿ ನನ್ನನ್ನು ಹಿಡಿದಿಟ್ಟಿದ್ದು ಬಾರ್ಜ್‌ಗಳು. ಉದ್ದನೆಯ, ನೀರಿಗೆ ಅಂಟಿಕೊಂಡಂತೆ ಸಾಗುವ ಹಡಗುಗಳು. ಹೊಟ್ಟೆಯ ತುಂಬ ಕಂಟೈನರ್ ಇಲ್ಲವೇ ಕಲ್ಲಿದ್ದಲು. ಹಿಂಬದಿಯ ಪುಟ್ಟ ಮನೆಯ ಕಿಟಕಿಗೆ ಪರದೆ, ಹೂವಿನ ಕುಂಡ. ಮನೆಯ ಮೇಲೆ ಒಂದು ಕಾರು! ಎಷ್ಟೋ ಬಾರ್ಜ್‌ಗಳಲ್ಲಿ ಗಂಡ ಹೆಂಡತಿ ಜೊತೆಯಾಗಿ ದುಡಿಯುತ್ತಾರೆ, ಅದೇ ಅವರ ಮನೆ. ಯಾವುದಾದರೂ ಊರು ಬಂದಾಗ ಕ್ರೇನಿನಿಂದ ಕಾರು ಇಳಿಸಿಕೊಂಡು ಪೇಟೆಗೆ ಹೋಗಿ ಬರುತ್ತಾರೆ. ಇವು ರೈನ್ ನದಿ ಹಿಡಿದು ಜರ್ಮನಿಯ ಡ್ಯೂಸ್‌ಬರ್ಗ್ ದಾಟಿ ಸ್ವಿಟ್ಜರ್‌ಲೆಂಡಿನ ಬಾಸೆಲ್‌ವರೆಗೂ ಹೋಗುತ್ತವೆ. ಸಮುದ್ರವೇ ಇಲ್ಲದ ದೇಶಕ್ಕೆ ಇದೇ ಬಂದರು. ರಾಟರ್‌ಡ್ಯಾಮ್ ಇಷ್ಟು ಬೆಳೆದದ್ದು ಬೆನ್ನ ಹಿಂದೆ ಇಂಥ ನದಿ ಇದ್ದುದರಿಂದ. ಮುಂದೆ ನೋಡಿದ್ದೆಲ್ಲ ಈ ಮಾತನ್ನು ಗಟ್ಟಿ ಮಾಡಿತು.

ಆದರೆ ಅದೇ ನದಿ ಒಂದು ಕಾಲಕ್ಕೆ ಊರಿನ ಕತ್ತು ಹಿಸುಕಿತ್ತು. ಅಳಿವೆಯಲ್ಲಿ ಹೂಳು ತುಂಬಿ, ದೊಡ್ಡ ಹಡಗುಗಳು ಸುತ್ತು ದಾರಿ ಹಿಡಿಯಬೇಕಾಗಿತ್ತು. ಪೀಟರ್ ಕಾಲಾಂಡ್ ಎಂಬ ಇಂಜಿನಿಯರ್ ಮರಳುದಿಬ್ಬಗಳನ್ನು ಸೀಳಿ ನೇರವಾಗಿ ಸಮುದ್ರಕ್ಕೆ ಕಾಲುವೆ ತೋಡುವ ಯೋಜನೆ ಕೊಟ್ಟರು. 1872ರಲ್ಲಿ ಆ ಕಾಲುವೆಯಲ್ಲಿ ಹಡಗು ಓಡಿತು. ಹೆಸರು ನ್ಯೂವೆ ವಾಟರ್‌ವೇಖ್. ಅದರಲ್ಲಿ ಎಲ್ಲೂ ಲಾಕ್ ಇಲ್ಲ. ಅಂದರೆ ಗೇಟು ತೆರೆಯಲಿ ಅಂತ ಹಡಗು ಕಾಯಬೇಕಾಗಿಲ್ಲ, ಹಗಲು ರಾತ್ರಿ ನೇರ ಒಳಗೆ ಬರಬಹುದು. ಬಂದರಿಗೆ ಅದು ದೊಡ್ಡ ವರ. ಊರಿಗೆ ಮಾತ್ರ ಅಪಾಯ. ಬಿರುಗಾಳಿ ಎದ್ದರೆ ಸಮುದ್ರವೂ ಅದೇ ದಾರಿಯಲ್ಲಿ ಒಳಗೆ ಬರುತ್ತದಲ್ವಾ?

ಅದಕ್ಕೆ ಕಟ್ಟಿದ್ದು ಮಾಸ್ಲಾಂಟ್ ತಡೆಗೋಡೆ. 1997ರಲ್ಲಿ ಮುಗಿಯಿತು. ಎರಡೂ ದಡದಲ್ಲಿ ಒಂದೊಂದು ಬಾಗಿದ ಉಕ್ಕಿನ ಬಾಗಿಲು. ಒಂದೊಂದರ ಉದ್ದ 210 ಮೀಟರ್, ಎತ್ತರ 22 ಮೀಟರ್. ಸಮುದ್ರ 3 ಮೀಟರ್ ಏರುತ್ತದೆ ಎಂಬ ಮುನ್ಸೂಚನೆ ಬಂದರೆ ಕಂಪ್ಯೂಟರೇ ತೀರ್ಮಾನ ಮಾಡುತ್ತದೆ. ಬಾಗಿಲುಗಳು ತೇಲುತ್ತಾ ಕಾಲುವೆಯ ನಡುವೆ ಬಂದು, ಒಳಗೆ ನೀರು ತುಂಬಿಸಿಕೊಂಡು ತಳಕ್ಕೆ ಕೂರುತ್ತವೆ. 2007ರ ನವೆಂಬರಿನಲ್ಲಿ ಮೊದಲ ಸಲ ಬಿರುಗಾಳಿಗಾಗಿ ಮುಚ್ಚಿದವು. 2023ರ ಡಿಸೆಂಬರಿನಲ್ಲೂ ಮುಚ್ಚಿದವು. ಪರೀಕ್ಷೆಗೆ ಅಂತ ವರ್ಷಕ್ಕೊಮ್ಮೆ ಮುಚ್ಚಿ ನೋಡುತ್ತಾರೆ. ಎಷ್ಟೋ ವರ್ಷಕ್ಕೊಮ್ಮೆ ಬೇಕಾಗುವ ಕೆಲಸಕ್ಕೆ ಇಷ್ಟು ದೊಡ್ಡದನ್ನು ಕಟ್ಟಿ, ಸದಾ ಸಜ್ಜಾಗಿ ಇಟ್ಟಿರುವ ಜನರ ಮೇಲೆ ನನಗೆ ತುಂಬ ಗೌರವ ಹುಟ್ಟಿತು.

ಮಾರನೆಯ ದಿನ ಗೆಳೆಯನ ಕಾರಿನಲ್ಲಿ ಎ15 ಹೆದ್ದಾರಿ ಹಿಡಿದೆವು. ಪಕ್ಕದಲ್ಲಿ ಪರ್ನಿಸ್‌ನ ತೈಲ ಶುದ್ಧೀಕರಣ ಘಟಕ, ಎಣಿಸಲಾಗದಷ್ಟು ಟ್ಯಾಂಕುಗಳು, ಪೈಪುಗಳು. ಜೊತೆಗೇ ಓಡುವ ರೈಲು ಹಳಿ ಬೇಟುವೆ ಮಾರ್ಗದ್ದು. ಸರಕಿಗೆ ಅಂತಲೇ ಹಾಕಿದ ಸುಮಾರು 160 ಕಿ.ಮೀ. ಹಳಿ ಅದು, 2007ರಲ್ಲಿ ಶುರುವಾಯಿತು, ಜರ್ಮನಿಯ ಗಡಿವರೆಗೆ ಹೋಗುತ್ತದೆ. ಪ್ರಯಾಣಿಕರ ರೈಲಿಗೆ ದಾರಿ ಬಿಟ್ಟು ಗೂಡ್ಸ್ ರೈಲು ಗಂಟೆಗಟ್ಟಲೆ ಕಾಯುವ ಪಾಡು ಇಲ್ಲಿಲ್ಲ.

ಹೆದ್ದಾರಿ ಮುಗಿಯುವ ಕಡೆ ಮಾಸ್‌ಫ್ಲಾಕ್ಟೆ. ಇದು ಸಮುದ್ರದಿಂದ ಮರಳು ತೆಗೆದು ಮಾಡಿದ ನೆಲ. ಅದರ ಎರಡನೇ ಭಾಗದ ಕೆಲಸ 2008ರಲ್ಲಿ ಶುರುವಾಗಿ 2013ರಲ್ಲಿ ಉದ್ಘಾಟನೆಯಾಯಿತು. ಹಡಗುಕಟ್ಟೆಯ ಆಳ 20 ಮೀಟರ್. ಬೇಲಿಯಾಚೆ ನಿಂತು ನೋಡಿದರೆ ಕಂಟೈನರ್ ಹೊತ್ತ ಗಾಡಿಗಳು ಓಡಾಡುತ್ತಿವೆ, ಡ್ರೈವರ್ ಇಲ್ಲ. ಡ್ರೈವರ್ ಕೂರಲು ಜಾಗವೂ ಇಲ್ಲ. 1993ರಲ್ಲೇ ಇಲ್ಲಿ ಇಂಥ ಗಾಡಿಗಳು ಬಂದವು. ಹೊಸ ಟರ್ಮಿನಲ್‌ಗಳಲ್ಲಿ ಹಡಗಿನಿಂದ ಕಂಟೈನರ್ ಎತ್ತುವ ಕ್ರೇನಿನ ಚಾಲಕ ಕೂಡ ಮೇಲೆ ಇರುವುದಿಲ್ಲ. ಆಫೀಸಿನಲ್ಲಿ ಪರದೆಯ ಮುಂದೆ ಕೂತು ನಡೆಸುತ್ತಾನೆ. ಅರ್ಧ ಗಂಟೆ ನಿಂತೆವು. ಅಂಗಳದಲ್ಲಿ ಒಬ್ಬ ಮನುಷ್ಯನೂ ಕಾಣಿಸಲಿಲ್ಲ. ಅಚ್ಚರಿಯಾಯಿತು, ಸ್ವಲ್ಪ ಬೇಸರವೂ ಆಯಿತು. ಹಡಗಿನಲ್ಲಿ ತಿಂಗಳುಗಟ್ಟಲೆ ಇದ್ದು ಬಂದ ನಾವಿಕರಿಗೆ ಮಾತಾಡಿಸುವ ಮುಖವೇ ಇಲ್ಲದ ಬಂದರು ಇದು.

ಅದಕ್ಕೇ ಹುಕ್ ವಾನ್ ಹಾಲಂಡ್ ನನಗೆ ಹೆಚ್ಚು ಹಿಡಿಸಿತು. ಕಾಲುವೆ ಸಮುದ್ರ ಸೇರುವ ಕಡೆ, ಉತ್ತರ ದಡದ ಸಣ್ಣ ಊರು. ರಾಟರ್‌ಡ್ಯಾಮ್‌ನಿಂದ ಬಿ ಮೆಟ್ರೋ ಹತ್ತಿದರೆ ಸ್ಕೀಡಾಮ್, ಫ್ಲಾರ್ಡಿಂಗನ್, ಮಾಸ್ಲೌಸ್ ದಾಟಿ ಇಲ್ಲಿಗೆ ಬರಬಹುದು. ಮೊದಲು ಇದು 1893ರ ರೈಲು ದಾರಿ. ಅದನ್ನೇ ಮೆಟ್ರೋ ಮಾಡಿದ್ದಾರೆ, 2019ರಿಂದ ಓಡುತ್ತಿದೆ. ‘ಹಾವನ್’ ನಿಲ್ದಾಣದಲ್ಲಿ ಇಳಿದು ನಾಲ್ಕು ಹೆಜ್ಜೆ ಹಾಕಿದರೆ ಫೆರಿ ಟರ್ಮಿನಲ್.

ಅಲ್ಲೇ ಹತ್ತಿರ ಕಂಚಿನ ಮಕ್ಕಳು ಪೆಟ್ಟಿಗೆ ಹಿಡಿದು ನಿಂತಿದ್ದಾರೆ. 1938ರ ಡಿಸೆಂಬರಿನಿಂದ ಯುದ್ಧ ಶುರುವಾಗುವವರೆಗೆ ನಾಜಿಗಳ ಕೈಗೆ ಸಿಗದಂತೆ ಸುಮಾರು 10,000 ಮಕ್ಕಳನ್ನು ಬ್ರಿಟನ್ನಿಗೆ ಸಾಗಿಸಿದರು. ಬಹುಪಾಲು ಯಹೂದಿ ಮಕ್ಕಳು. ರೈಲಿನಲ್ಲಿ ಇಲ್ಲಿಗೆ ಬಂದು, ಇಲ್ಲಿಂದ ಹಡಗಿನಲ್ಲಿ ಇಂಗ್ಲೆಂಡಿನ ಹಾರ್ವಿಚ್ ಬಂದರಿಗೆ ಹೋದವರೇ ಜಾಸ್ತಿ. ಅಪ್ಪ ಅಮ್ಮ ಜೊತೆಗಿಲ್ಲ. ಅವರಲ್ಲಿ ಎಷ್ಟೋ ಮಕ್ಕಳು ಮತ್ತೆಂದೂ ತಂದೆ ತಾಯಿಯನ್ನು ನೋಡಲಿಲ್ಲ. ನಾನು ಹೊರಟಿದ್ದೂ ಅದೇ ದಾರಿಯಲ್ಲಿ, ಕೈಯಲ್ಲಿ ಟಿಕೆಟ್ಟು, ವೀಸಾ ಎಲ್ಲ ಹಿಡಿದು. ಅಲ್ಲಿಂದ ಕಾಲು ಬೇಗ ಏಳಲಿಲ್ಲ.

ಫೆರಿ ಅಂದರೆ ಸಣ್ಣ ದೋಣಿ ಅಂದುಕೊಳ್ಳಬೇಡಿ. ಸ್ಟೆನಾ ಹಾಲಂಡಿಕಾ 240 ಮೀಟರ್ ಉದ್ದದ ಹಡಗು. ಒಳಗಿನ ವಾಹನಗಳ ಸಾಲುಗಳನ್ನು ಜೋಡಿಸಿದರೆ 5 ಕಿ.ಮೀ.ಗೂ ಜಾಸ್ತಿ. 1,200 ಪ್ರಯಾಣಿಕರಿಗೆ ಜಾಗ ಇದ್ದರೂ ಹೊಟ್ಟೆ ತುಂಬುವುದು ಸರಕಿನಿಂದಲೇ. ಎಂಜಿನ್ ಇಲ್ಲದ ಟ್ರೈಲರುಗಳನ್ನು ಚಿಕ್ಕ ಎಳೆಗಾಡಿಗಳು ಒಂದೊಂದಾಗಿ ಒಳಗೆ ತಂದು ನಿಲ್ಲಿಸುತ್ತವೆ. ಸರಪಳಿ ಬಿಗಿದು ಡೆಕ್ಕಿಗೆ ಕಟ್ಟುತ್ತಾರೆ. ಆಚೆ ದಡದಲ್ಲಿ ಬೇರೆ ಲಾರಿ ಬಂದು ಕೊಂಡಿ ಹಾಕಿಕೊಂಡು ಹೋಗುತ್ತದೆ. ಡ್ರೈವರು ಸುಮ್ನೆ ಸಮುದ್ರ ದಾಟಬೇಕಾಗಿಲ್ಲ. ಬ್ರಿಟನ್ ಯುರೋಪ್ ಒಕ್ಕೂಟ ಬಿಟ್ಟ ಮೇಲೆ, 2021ರಿಂದ, ಸುಂಕದ ಕಾಗದಗಳನ್ನು ಪೋರ್ಟ್‌ಬೇಸ್ ಎಂಬ ಕಂಪ್ಯೂಟರ್ ವ್ಯವಸ್ಥೆಯಲ್ಲಿ ಮೊದಲೇ ನೋಂದಾಯಿಸಬೇಕು. ಇಲ್ಲದಿದ್ದರೆ ಲಾರಿಗೆ ಟರ್ಮಿನಲ್ ಗೇಟು ತೆರೆಯುವುದಿಲ್ಲ.

ಹಗಲಿನ ಹಡಗನ್ನೇ ಆರಿಸಿಕೊಳ್ಳಿ. ಸುಮಾರು ಆರೂವರೆ ಏಳು ಗಂಟೆ ಹಿಡಿಯುತ್ತದೆ. ಹೊರಟ ಕೂಡಲೇ ಎಡಗಡೆ ಡೆಕ್ಕಿಗೆ ಬಂದು ನಿಲ್ಲಿ. ಮಾಸ್‌ಫ್ಲಾಕ್ಟೆಯ ಕ್ರೇನುಗಳು ಒಂದರ ಹಿಂದೊಂದು ಬರುತ್ತವೆ. ಎದುರಿಗೆ ಒಳಬರುವ ಹಡಗುಗಳು. ಅವುಗಳಿಗೆ ದಾರಿ ತೋರಿಸಲು ಪೈಲಟ್‌ಗಳನ್ನು ಹೊತ್ತ ಸಣ್ಣ ಬೋಟುಗಳು ಅಲೆಯಲ್ಲಿ ಹಾರುತ್ತಾ ಹೋಗುತ್ತವೆ. ಅಲೆಗಳ ಅಂಥ ಕುಣಿತದಲ್ಲಿ ಹಗ್ಗದ ಏಣಿ ಹಿಡಿದು ಹಡಗು ಏರುವುದು ಸುಲಭದ ಕೆಲಸವಲ್ಲ.

ಹಾರ್ವಿಚ್ ಹತ್ತಿರವಾದಾಗ ಬಲಗಡೆಗೆ ಬನ್ನಿ. ನದಿಯ ಆಚೆ ದಡದಲ್ಲಿ ಕಾಣುವುದು ಫೀಲಿಕ್ಸ್‌ಸ್ಟೋ, ಬ್ರಿಟನ್ನಿನ ಅತಿ ದೊಡ್ಡ ಕಂಟೈನರ್ ಬಂದರು. ಗಡಿಯಾರ ಒಂದು ಗಂಟೆ ಹಿಂದಕ್ಕೆ ತಿರುಗಿಸಿಕೊಳ್ಳಿ. ಭಾರತದ ಪಾಸ್‌ಪೋರ್ಟ್ ಇರುವವರಿಗೆ ಬ್ರಿಟನ್ನಿನ ವೀಸಾ ಬೇರೆಯೇ ಬೇಕು, ಯುರೋಪಿನ ಹಲವು ದೇಶಗಳಿಗೆ ಒಟ್ಟಿಗೆ ಸಲ್ಲುವ ಷೆಂಗೆನ್ ವೀಸಾ ಸಾಲದು. ಟರ್ಮಿನಲ್ ಪಕ್ಕದಲ್ಲೇ ರೈಲು ನಿಲ್ದಾಣ. ಮ್ಯಾನಿಂಗ್‌ಟ್ರೀಯಲ್ಲಿ ರೈಲು ಬದಲಿಸಿದರೆ ಲಂಡನ್ನಿನ ಲಿವರ್‌ಪೂಲ್ ಸ್ಟ್ರೀಟ್ ತಲುಪಬಹುದು. ಹಡಗು, ರೈಲು ಎರಡಕ್ಕೂ ಸೇರಿಸಿ ಒಂದೇ ಟಿಕೆಟ್ ಸಿಗುತ್ತದೆ, ಮೊದಲೇ ತೆಗೆದುಕೊಂಡರೆ ಒಳ್ಳೆಯದು.